ಅಲಾರಂ ‘ವೆಂಟ್ ಆಫ್’ ಎಂದರೆ ಹೊಡೆಯಿತೋ, ನಿಂತಿತೋ? ಮಕ್ಕಳಿಗೆ ಹೇಗೆ ಹೇಳಿಕೊಡಲಿ?

ಹಳ್ಳಿಮೇಷ್ಟ್ರು
ಎಲ್ಲರಿಗೂ ನಮಸ್ಕಾರ. ನಾನು ಕನ್ನಡ ಮಾಧ್ಯಮದ ಪ್ರೌಢಶಾಲೆಯೊಂದರಲ್ಲಿ ಇಂಗ್ಲಿಷ್ ಕಲಿಸುತ್ತೇನೆ. ಕಳೆದ ವಾರ ಒಂಬತ್ತನೆಯ ತರಗತಿಗೆ ಅನುವಾದಕ್ಕೆಂದು ಒಂದು ವಾಕ್ಯ ಕೊಟ್ಟಿದ್ದೆ: ‘ದಿ ಅಲಾರಂ ವೆಂಟ್ ಆಫ್ ಅಟ್ ಫೈವ್, ಸೋ ಹಿ ಗಾಟ್ ಅಪ್.’ 32 ಮಕ್ಕಳಲ್ಲಿ 20ಕ್ಕೂ ಹೆಚ್ಚು ಮಂದಿ ‘ಐದು ಗಂಟೆಗೆ ಅಲಾರಂ ಆಫ್ ಆಯಿತು, ಆದ್ದರಿಂದ ಅವನು ಎದ್ದನು’ ಎಂದು ಬರೆದರು. ಅದು ನಾನು ನಿರೀಕ್ಷಿಸಿದ್ದ ತಪ್ಪೇ. ಒಬ್ಬ ಹುಡುಗಿ ಮಾತ್ರ ಹೀಗೆ ಬರೆದಿದ್ದಳು: ‘ಐದು ಗಂಟೆಗೆ ಅಲಾರಂ ನಿಂತುಹೋಯಿತು, ಆದರೂ ಅವನು ಎದ್ದನು.’

‘ಸೋ’ ಎಂದರೆ ‘ಆದ್ದರಿಂದ’ ಅಲ್ಲವೇ ಎಂದು ಕೆಂಪು ಗೆರೆ ಎಳೆದು ಅಂಕ ಕಳೆದೆ. ಮಧ್ಯಾಹ್ನ ಊಟದ ಹೊತ್ತಿಗೆ ಅವಳು ಪುಸ್ತಕ ಹಿಡಿದುಕೊಂಡು ಬಂದಳು. ‘ಸರ್, ಅಲಾರಂ ನಿಂತ ಮೇಲೆ ಆದ್ದರಿಂದ ಎದ್ದ ಎಂದರೆ ಮಾತು ಕೂಡುವುದಿಲ್ಲ. ಅದಕ್ಕೇ ಆದರೂ ಎಂದು ಬರೆದೆ. ಆಫ್ ಎಂದರೆ ನಿಲ್ಲುವುದು ಎಂದು ಸ್ವಿಚ್ಚಿನ ಮೇಲೇ ಇದೆಯಲ್ಲ’ ಎಂದಳು.

ಅವಳಿಗೆ ‘ಇಲ್ಲಿ ಅದರ ಅರ್ಥ ಬೇರೆ’ ಎಂದಷ್ಟೇ ಹೇಳಿದೆ. ಆ ಉತ್ತರ ಅವಳಿಗೂ ಸಾಲಲಿಲ್ಲ, ನನಗೂ ಸಾಲಲಿಲ್ಲ. ರಾತ್ರಿ ಕೂತು ಬರೆದುಕೊಂಡೆ. ಅಲಾರಂ ‘ಗೋ ಆಫ್’ ಆದರೆ ಸದ್ದು ಶುರುವಾಗುತ್ತದೆ. ದೀಪ ‘ಗೋ ಆಫ್’ ಆದರೆ ಬೆಳಕು ನಿಲ್ಲುತ್ತದೆ. ಬಾಂಬ್ ಆದರೆ ಸಿಡಿಯುತ್ತದೆ, ಹಾಲು ಆದರೆ ಕೆಡುತ್ತದೆ, ಮನುಷ್ಯ ಆದರೆ ಹೊರಟುಹೋಗುತ್ತಾನೆ. ಇವಕ್ಕೆಲ್ಲ ಒಂದೇ ಬೇರು ಇದೆಯೇ? ಇದ್ದರೆ ಹದಿನಾಲ್ಕು ವರ್ಷದ ಮಕ್ಕಳಿಗೆ ಅದನ್ನು ಹೇಗೆ ತೋರಿಸುವುದು? ತಿಳಿದವರು ಹೇಳಿ.

ತುಂಗಾತೀರ
ಮೊದಲು ಆ ಹುಡುಗಿಯ ಅಂಕ ವಾಪಸು ಕೊಡಿ ಮೇಷ್ಟ್ರೇ. ಉಳಿದದ್ದು ಆಮೇಲೆ.

ಪರೀಕ್ಷಾಸಿದ್ಧತೆ
ಬೇರು ಹುಡುಕುತ್ತಾ ಕೂತರೆ ಪಾಠ ಮುಗಿಯುವುದಿಲ್ಲ ಸರ್. ನಾನು ಸ್ಪರ್ಧಾತ್ಮಕ ಪರೀಕ್ಷೆಗಳಿಗೆ 15 ವರ್ಷಗಳಿಂದ ತರಬೇತಿ ಕೊಡುತ್ತಿದ್ದೇನೆ. ಸಿಡಿ, ಬಾರಿಸು, ಆರು, ಕೆಡು, ಹೊರಟುಹೋಗು, ಇಷ್ಟ ಕಳೆದುಕೊಳ್ಳು, ನಡೆದುಹೋಗು: ಏಳು ಅರ್ಥ, ಏಳು ವಾಕ್ಯ. ಗೋಡೆಗೆ ಅಂಟಿಸಿ, ದಿನಕ್ಕೊಮ್ಮೆ ಓದಿಸಿ. ಮಗ್ಗಿ ಕಲಿಯುವ ಮಕ್ಕಳು ಇದನ್ನು ಕಲಿಯಲಾರರೇ?

ಧಾರವಾಡದವಳು
ಮಗ್ಗಿಗೂ ಇದಕ್ಕೂ ಹೋಲಿಕೆ ಸಲ್ಲದು. ಏಳೆಂಟಲೆ ಎಂದರೆ ಎಲ್ಲಿ ಕೇಳಿದರೂ 56. ಇಲ್ಲಿ ಏಳು ಅರ್ಥಗಳಲ್ಲಿ ಯಾವುದನ್ನು ಯಾವಾಗ ಎತ್ತಿಕೊಳ್ಳಬೇಕು ಎಂಬುದೇ ಪ್ರಶ್ನೆ, ಪಟ್ಟಿ ಅದನ್ನು ಹೇಳುವುದಿಲ್ಲ. ನನ್ನ ತಮ್ಮ ಇಂಥದೇ ಪಟ್ಟಿಯನ್ನು ಬಾಯಿಪಾಠ ಮಾಡಿ ಹೋಗಿ ‘ಹಾಲು ಸಿಡಿಯಿತು’ ಎಂದು ಬರೆದು ಬಂದ. ಪಟ್ಟಿಯ ಮೊದಲ ಅರ್ಥ ಅದೇ ಇತ್ತು!

ಪರೀಕ್ಷಾಸಿದ್ಧತೆ
ಅದು ಪಟ್ಟಿಯ ತಪ್ಪಲ್ಲ, ವಾಕ್ಯಗಳನ್ನು ಬಿಟ್ಟು ಅರ್ಥಗಳನ್ನಷ್ಟೇ ಓದಿದ್ದರ ತಪ್ಪು. ನಾನು ಏಳು ಅರ್ಥದ ಜೊತೆ ಏಳು ವಾಕ್ಯ ಎಂದೂ ಹೇಳಿದ್ದೇನೆ, ದಯವಿಟ್ಟು ಮತ್ತೊಮ್ಮೆ ಓದಿ.

ಸಂಸ್ಕೃತಪ್ರಿಯ
ಮೇಷ್ಟ್ರೇ, ನಿಮ್ಮ ಪ್ರಶ್ನೆ ನಮಗೆ ಹೊಸದಲ್ಲ. ಉಪಸರ್ಗಗಳ ವಿಷಯದಲ್ಲಿ ಹಿಂದಿನವರು ಒಂದು ಶ್ಲೋಕವನ್ನೇ ಕಟ್ಟಿಟ್ಟಿದ್ದಾರೆ:

‘ಉಪಸರ್ಗೇಣ ಧಾತ್ವರ್ಥೋ ಬಲಾದನ್ಯತ್ರ ನೀಯತೇ
ಪ್ರಹಾರಾಹಾರಸಂಹಾರವಿಹಾರಪರಿಹಾರವತ್’

ಉಪಸರ್ಗವು ಧಾತುವಿನ ಅರ್ಥವನ್ನು ಬಲವಂತವಾಗಿ ಬೇರೆಡೆಗೆ ಎಳೆದೊಯ್ಯುತ್ತದೆ ಎಂದು ಇದರ ತಾತ್ಪರ್ಯ. ‘ಹೃ’ ಒಂದೇ ಧಾತು. ಅದರ ಹಿಂದೆ ‘ಪ್ರ’ ಬಂದರೆ ಏಟು, ‘ಆ’ ಬಂದರೆ ಊಟ, ‘ಸಂ’ ಬಂದರೆ ಕೊಲೆ, ‘ವಿ’ ಬಂದರೆ ಸುತ್ತಾಟ, ‘ಪರಿ’ ಬಂದರೆ ತೊಂದರೆಯ ನಿವಾರಣೆ. ಇಂಥ ಉಪಸರ್ಗಗಳು 22. ಈ ಐದು ಪದಗಳು ಒಂಬತ್ತನೆಯ ತರಗತಿಯ ಮಕ್ಕಳಿಗೆ ಗೊತ್ತೇ ಇರುತ್ತವೆ. ಇಂಗ್ಲಿಷಿನವರು ಅದೇ ಕೆಲಸವನ್ನು ಕ್ರಿಯಾಪದದ ಹಿಂದಕ್ಕೆ ಅಂಟಿಸದೆ ಮುಂದೆ ಬಿಡಿಯಾಗಿ ಇಡುತ್ತಾರೆ. ‘ಗೋ’ ನಮ್ಮ ‘ಗಮ್’, ‘ಆಫ್’ ನಮ್ಮ ‘ಅಪ’. ‘ಗೋ ಆಫ್’ ಎಂದರೆ ‘ಅಪಗಮ’, ದೂರ ಸರಿಯುವುದು. ಇದೇ ನೀವು ಕೇಳಿದ ಬೇರು.

ಭಾಷಾವಿದ್ಯಾರ್ಥಿ
ಸಂಸ್ಕೃತಪ್ರಿಯ ಅವರೇ, ಅರ್ಧ ಸರಿ, ಅರ್ಧ ತಪ್ಪು. ‘ಆಫ್’ ಮತ್ತು ‘ಅಪ’ ನಿಜವಾಗಿಯೂ ಒಂದೇ ಬಳ್ಳಿಯವು. ಗ್ರೀಕಿನ ‘ಅಪೊ’, ಲ್ಯಾಟಿನ್ನಿನ ‘ಅಬ್’, ಜರ್ಮನ್ನಿನ ‘ಅಪ್’ ಎಲ್ಲವೂ ಅದೇ ಮನೆತನದವು. ಆದರೆ ‘ಗಮ್’ ಧಾತುವಿಗೆ ನೆಂಟ ‘ಗೋ’ ಅಲ್ಲ, ‘ಕಮ್’! ಸದ್ದು ಹತ್ತಿರವಿದೆಯೆಂದು ‘ಗೋ’ ಎಂದುಕೊಳ್ಳುವುದು ಸಹಜ, ನಾನೂ ಮೊದಲು ಹಾಗೆಯೇ ಅಂದುಕೊಂಡಿದ್ದೆ. ಒಂದೇ ಮೂಲದಿಂದ ಹೊರಟ ಪದ ಇಂಗ್ಲಿಷಿನಲ್ಲಿ ‘ಬರು’ ಆಯಿತು, ಸಂಸ್ಕೃತದಲ್ಲಿ ‘ಹೋಗು’ ಆಯಿತು.

ಇನ್ನೊಂದು ವಿಷಯ. ‘ಆಫ್’ ಮತ್ತು ಒಂದೇ ‘ಎಫ್’ ಇರುವ ‘ಆಫ಼್’, ಅಂದರೆ ನಮ್ಮ ಷಷ್ಠೀ ವಿಭಕ್ತಿಯ ಕೆಲಸ ಮಾಡುವ ಪದ, ಮೊದಲು ಒಂದೇ ಆಗಿದ್ದವು. ಒತ್ತಿ ಹೇಳಿದಾಗ ಒಂದು ಉಚ್ಚಾರ, ತೇಲಿಸಿ ಹೇಳಿದಾಗ ಇನ್ನೊಂದು. ಸುಮಾರು 17ನೆಯ ಶತಮಾನದ ಹೊತ್ತಿಗೆ ಬರವಣಿಗೆಯಲ್ಲಿ ಪೂರ್ತಿ ಬೇರೆಯಾದವು. ಮೂಲದಲ್ಲಿ ಎರಡರ ಅರ್ಥವೂ ‘ಇಂಥದ್ದರಿಂದ ಆಚೆಗೆ’ ಎಂದೇ. ಸ್ವಿಚ್ಚಿನ ಮೇಲಿನ ‘ಆಫ್’ ಬಹಳ ತಡವಾಗಿ ಬಂದದ್ದು. ನಮ್ಮ ಮಕ್ಕಳು ಮೊದಲು ಕಾಣುವುದು ಅದನ್ನೇ ಆದ್ದರಿಂದ ಅದೇ ಮೂಲ ಅರ್ಥ ಎಂದುಕೊಳ್ಳುತ್ತಾರೆ. ಆ ಹುಡುಗಿಯ ಗೊಂದಲ ಹುಟ್ಟಿದ್ದು ಅಲ್ಲಿಯೇ.

ಸಂಸ್ಕೃತಪ್ರಿಯ
ತಿದ್ದಿದ್ದಕ್ಕೆ ಧನ್ಯವಾದ. ‘ಕಮ್’ ಎಂಬುದನ್ನು ಇಂದೇ ತಿಳಿದುಕೊಂಡೆ. ‘ಅಪ’ ಸರಿ ಎಂದಿರಲ್ಲ, ಅದನ್ನು ಹಿಡಿದು ಮೇಷ್ಟ್ರಿಗೆ ಒಂದು ಉದಾಹರಣೆ ಕೊಡುತ್ತೇನೆ. ಹಾಡುವಾಗ ಸ್ವರ ಜಾರಿದರೆ ಇಂಗ್ಲಿಷಿನಲ್ಲಿ ‘ಆಫ್ ಕೀ’ ಎನ್ನುತ್ತಾರೆ. ನಾವು ‘ಅಪಸ್ವರ’ ಎನ್ನುತ್ತೇವೆ. ಪದಕ್ಕೆ ಪದ ಸರಿಹೊಂದುತ್ತದೆ ನೋಡಿ.

ಹಳ್ಳಿಮೇಷ್ಟ್ರು
ಅಪಸ್ವರದ ಉದಾಹರಣೆಯನ್ನು ನಾಳೆಯೇ ಬಳಸುತ್ತೇನೆ. ಆದರೆ ಮೂಲ ಪ್ರಶ್ನೆ ಹಾಗೆಯೇ ಉಳಿಯಿತು. ‘ಆಚೆಗೆ’ ಎಂಬ ಅರ್ಥದಿಂದ ದೀಪ ಆರುವುದನ್ನು ವಿವರಿಸಬಹುದು, ಹಾಲು ಕೆಡುವುದನ್ನೂ ವಿವರಿಸಬಹುದು. ಅಲಾರಂ ಮತ್ತು ಬಾಂಬ್ ಎಲ್ಲಿಂದ ಆಚೆಗೆ ಹೋಗುತ್ತವೆ?

ಕೋವಿಮನೆ
ನಾನು ಕೊಡಗಿನವನು, ಇದಕ್ಕೆ ನಾನು ಉತ್ತರ ಹೇಳುತ್ತೇನೆ. ನಮ್ಮ ಮನೆಗಳಲ್ಲಿ ಕೋವಿ ಪೂಜೆಯ ವಸ್ತು. ಕೈಲ್‌ಪೊಳ್ದ್ ಹಬ್ಬದ ದಿನ ಅದಕ್ಕೆ ಹೂವಿಟ್ಟು ಪೂಜಿಸುತ್ತೇವೆ. ಚಿಕ್ಕವನಿದ್ದಾಗ ಅಜ್ಜ ಹಳೆಯ ಕೋವಿಯನ್ನು ಬಿಚ್ಚಿ ತೋರಿಸಿದ್ದರು. ಕುದುರೆಯನ್ನು, ಅಂದರೆ ಈಡು ಹಾರಿಸಲು ಬಡಿಯುವ ಸುತ್ತಿಗೆಯಂಥ ಭಾಗವನ್ನು, ಹಿಂದಕ್ಕೆ ಎಳೆದಾಗ ಒಳಗಿನ ಸ್ಪ್ರಿಂಗು ಬಿಗಿಯಾಗಿ ಒಂದು ಕೊಂಡಿಗೆ ಸಿಕ್ಕಿಕೊಂಡು ನಿಲ್ಲುತ್ತದೆ. ಬೆರಳು ಒತ್ತಿದರೆ ಆ ಕೊಂಡಿಯಿಂದ ಕಳಚಿಕೊಂಡು ಹೋಗುತ್ತದೆ, ಈಡು ಹಾರುತ್ತದೆ. ಕಳಚಿಕೊಂಡು ಹೋಗುವುದೇ ‘ಗೋ ಆಫ್’. ಕುದುರೆಯನ್ನು ಅರ್ಧ ಮಾತ್ರ ಎಳೆದಿಟ್ಟಾಗ ಕೋವಿ ಸಿಡಿಯಬಾರದು. ಹಾಗೆ ಸಿಡಿದರೆ ಅನಾಹುತ. ತಯಾರಿಯಿಲ್ಲದೆ ಹಾರಾಡುವವನನ್ನು ಇಂಗ್ಲಿಷಿನಲ್ಲಿ ‘ಗೋ ಆಫ್ ಹಾಫ್ ಕಾಕ್ಡ್’ ಎನ್ನುವುದು ಅಲ್ಲಿಂದಲೇ.

ಕೀಲಿ ಕೊಡುವ ಹಳೆಯ ಅಲಾರಂ ಗಡಿಯಾರವನ್ನು ಬಿಚ್ಚಿ ನೋಡಿ. ಅಲ್ಲಿಯೂ ಇದೇ ಕಥೆ. ಸುತ್ತಿಟ್ಟ ಸ್ಪ್ರಿಂಗು, ಅದನ್ನು ತಡೆದು ಹಿಡಿದ ಒಂದು ಕೊಂಡಿ. ಐದು ಗಂಟೆಗೆ ಕೊಂಡಿ ಸರಿದಾಗ ಸುತ್ತಿಗೆ ಗಂಟೆಗೆ ಬಡಿಯುತ್ತದೆ. ಅಲಾರಂ, ಕೋವಿ, ಬಾಂಬ್, ಇಲಿಬೋನು ಎಲ್ಲವೂ ತಡೆದಿಟ್ಟ ಶಕ್ತಿ. ತಡೆಯಿಂದ ಆಚೆಗೆ ಹೋದಾಗ ಸದ್ದು ಮಾಡುತ್ತವೆ.

ಕನ್ನಡದಲ್ಲಿ ನಾವೂ ಗುಂಡು ‘ಹಾರಿತು’ ಎನ್ನುತ್ತೇವಲ್ಲ. ಹಕ್ಕಿಯೂ ಹಾರುತ್ತದೆ, ಗುಂಡೂ ಹಾರುತ್ತದೆ, ಬಣ್ಣವೂ ಹಾರುತ್ತದೆ.

ತುಂಗಾತೀರ
ಪ್ರಾಣವೂ ಹಾರುತ್ತದೆ.

ಭಾಷಾವಿದ್ಯಾರ್ಥಿ
ಕೋವಿಮನೆ ಅವರ ವಿವರಣೆ ಬಹಳ ಚೆನ್ನಾಗಿದೆ. ಅದನ್ನು ಹೀಗೆ ಮುಂದುವರಿಸಬಹುದು: ಪ್ರತಿಯೊಂದು ವಸ್ತುವಿಗೂ ಅದರದೇ ಸಹಜ ಸ್ಥಿತಿ ಇರುತ್ತದೆ. ಅಲಾರಮ್ಮಿನ ಸಹಜ ಸ್ಥಿತಿ ಸುಮ್ಮನಿರುವುದು. ದೀಪ ಉರಿಯುತ್ತಿರುವಾಗ ಅದರ ಸ್ಥಿತಿ ಬೆಳಗುವುದು. ಹಾಲಿನದು ಸಿಹಿಯಾಗಿರುವುದು. ಆ ಸ್ಥಿತಿಯಿಂದ ಹೊರಗೆ ಬಿದ್ದರೆ ‘ಗೋ ಆಫ್’. ಹಾಗಾಗಿ ಒಂದು ಕಡೆ ಶುರು, ಇನ್ನೊಂದು ಕಡೆ ನಿಲುಗಡೆ.

ಧಾರವಾಡದವಳು
ಕೇಳಲು ಸೊಗಸಾಗಿದೆ, ಆದರೆ ನನಗೆ ಒಪ್ಪಿಗೆಯಿಲ್ಲ. ಅರ್ಥ ಗೊತ್ತಾದ ಮೇಲೆ ಈ ವಿವರಣೆ ಹೊಂದುತ್ತದೆ, ಗೊತ್ತಿಲ್ಲದವನಿಗೆ ದಾರಿ ತೋರಿಸುವುದಿಲ್ಲ. ಫ್ಯಾನ್ ‘ಗೋ ಆಫ್’ ಆಯಿತು ಎಂದರೆ ನಿಂತಿತೋ ತಿರುಗತೊಡಗಿತೋ ಎಂದು ಮಗು ಕೇಳಿದರೆ, ಫ್ಯಾನಿನ ಸಹಜ ಸ್ಥಿತಿ ಯಾವುದು ಎಂದು ಹೇಳುತ್ತೀರಿ? ನಮ್ಮ ಊರಿನ ಬೇಸಿಗೆಯಲ್ಲಿ ಒಂದು, ಚಳಿಗಾಲದಲ್ಲಿ ಇನ್ನೊಂದು!

ಉಪಶೀರ್ಷಿಕೆ
ಧಾರವಾಡದವಳು ಅವರ ಆಕ್ಷೇಪಕ್ಕೆ ನನ್ನ ಬಳಿ ಒಂದು ಉಪಾಯವಿದೆ. ನಾನು ಇಂಗ್ಲಿಷ್ ಚಿತ್ರಗಳಿಗೆ ಕನ್ನಡ ಉಪಶೀರ್ಷಿಕೆ ಬರೆಯುತ್ತೇನೆ. ದೃಶ್ಯ ಕಾಣಿಸದೆ ಬರಿಯ ಸಂಭಾಷಣೆಯ ಹಾಳೆ ಸಿಕ್ಕಾಗ ಈ ‘ಗೋ ಆಫ್’ ನನ್ನನ್ನು ಬಹಳ ಕಾಡಿದೆ. ಕೊನೆಗೆ ಕಂಡುಕೊಂಡ ದಾರಿ: ಆ ಕೆಲಸವನ್ನು ಬೇರೆ ಯಾರಾದರೂ ಮಾಡಿಸಿದರೆ ಏನೆನ್ನುತ್ತಾರೆ ಎಂದು ಕೇಳಿಕೊಳ್ಳುವುದು.

ಬಾಂಬನ್ನು, ಪಟಾಕಿಯನ್ನು, ಕಳ್ಳರು ನುಗ್ಗಿದರೆ ಕೂಗುವ ಅಲಾರಮ್ಮನ್ನು ಒಬ್ಬರು ‘ಸೆಟ್ ಆಫ್’ ಮಾಡುತ್ತಾರೆ. ದೀಪವನ್ನು, ಫ್ಯಾನನ್ನು, ಹೀಟರನ್ನು ‘ಟರ್ನ್ ಆಫ್’ ಅಥವಾ ‘ಸ್ವಿಚ್ ಆಫ್’ ಮಾಡುತ್ತಾರೆ. ಹಾಲಿನ ಜೊತೆ ಇವೆರಡೂ ಸೇರುವುದಿಲ್ಲ, ಹಾಲು ತಾನಾಗಿ ಕೆಡಬೇಕು. ‘ಸೆಟ್ ಆಫ್’ ಜೋಡಿಯವು ಶುರುವಾಗುತ್ತವೆ, ‘ಟರ್ನ್ ಆಫ್’ ಜೋಡಿಯವು ನಿಲ್ಲುತ್ತವೆ. ನಮ್ಮಲ್ಲಿ ಆರು–ಆರಿಸು, ಸಿಡಿ–ಸಿಡಿಸು ಇದ್ದ ಹಾಗೆ. ನಮಗೆ ‘ಇಸು’ ಒಂದೇ ಪ್ರತ್ಯಯ ಸಾಕು, ಅವರಿಗೆ ಪದವೇ ಬೇರೆ ಬೇಕು.

ಈ ಒಂದು ವಾಕ್ಯವನ್ನು ಮಕ್ಕಳಿಗೆ ಕೊಡಿ: ‘ದಿ ಅಲಾರಂ ವೆಂಟ್ ಆಫ್, ಸೋ ಐ ಟರ್ನ್ಡ್ ಇಟ್ ಆಫ್.’ ಅಲಾರಂ ಹೊಡೆಯಿತು, ಅದಕ್ಕೇ ನಿಲ್ಲಿಸಿದೆ. ಒಂದೇ ಸಾಲಿನಲ್ಲಿ ಎರಡು ‘ಆಫ್’, ಎರಡು ದಿಕ್ಕು.

ಹಳ್ಳಿಮೇಷ್ಟ್ರು
ಈ ವಾಕ್ಯಕ್ಕೆ ನೂರು ನಮಸ್ಕಾರ. ಬರೆದುಕೊಂಡೆ.

ಮೈದಾನ
ನಡುವೆ ಬಂದದ್ದಕ್ಕೆ ಕ್ಷಮಿಸಿ. ಕ್ರಿಕೆಟ್ಟಿನ ‘ಆಫ್ ಸೈಡ್’, ‘ಆಫ್ ಸ್ಪಿನ್’ ಕೂಡ ಇದೇ ‘ಆಫ್’ ಏನು? ನಮ್ಮ ಕರ್ನಾಟಕದ ಬೌಲರ್ ಪ್ರಸನ್ನ ಅವರು 49 ಟೆಸ್ಟ್‌ಗಳಲ್ಲಿ 189 ವಿಕೆಟ್ ಕಿತ್ತದ್ದು ಆಫ್ ಸ್ಪಿನ್ನಿನಿಂದಲೇ, ಆದರೆ ಆ ಪದ ಎಲ್ಲಿಂದ ಬಂತು ಎಂದು ಯಾರೂ ಹೇಳಿದ್ದು ಕೇಳಿಲ್ಲ.

ಭಾಷಾವಿದ್ಯಾರ್ಥಿ
ಅದೇ ‘ಆಫ್’. ಕುದುರೆಯನ್ನು ಎಡಗಡೆಯಿಂದ ಹತ್ತುವುದು, ನಡೆಸುವುದು ರೂಢಿ. ಆದ್ದರಿಂದ ಎಡಬದಿ ‘ನಿಯರ್ ಸೈಡ್’, ಮನುಷ್ಯನಿಂದ ಆಚೆಗಿರುವ ಬಲಬದಿ ‘ಆಫ್ ಸೈಡ್’. ಕುದುರೆ ಮತ್ತು ಗಾಡಿಯ ಆ ಮಾತೇ ಕ್ರಿಕೆಟ್ಟಿಗೂ ಬಂತು ಎಂದು ಸಾಮಾನ್ಯವಾಗಿ ಹೇಳುತ್ತಾರೆ. ಬ್ಯಾಟುಗಾರನ ಕಾಲಿನಿಂದ ಆಚೆಗಿರುವ ಬದಿ.

ಮೈದಾನ
ಹಾಗಾದರೆ ಎಡಗೈ ಬ್ಯಾಟುಗಾರ ಬಂದರೆ ಆಫ್ ಸೈಡ್ ತಾನೂ ಬದಿ ಬದಲಿಸುತ್ತದೆ. ಈಗ ಅರ್ಥವಾಯಿತು.

ರಾತ್ರಿಪಾಳಿ
ಇಷ್ಟು ಹೊತ್ತು ಓದುತ್ತಾ ಇದ್ದೆ, ಬರೆಯದೆ ಇರಲಾಗಲಿಲ್ಲ. ನಾನು ಉಡುಪಿ ಕಡೆಯವಳು, ಇಂಗ್ಲೆಂಡಿನಲ್ಲಿ ನರ್ಸ್. ಇಲ್ಲಿಗೆ ಬಂದ ಮೊದಲ ತಿಂಗಳು, ರಾತ್ರಿ ಪಾಳಿ. ಡ್ರಿಪ್ ಮೂಲಕ ಔಷಧ ಕೊಡುವ ಪಂಪು ಇರುತ್ತದಲ್ಲ, ಔಷಧ ಮುಗಿಯುತ್ತಾ ಬಂದರೆ ಅದು ಕೂಗಿಕೊಳ್ಳುತ್ತದೆ. ನಾನು ದೂರದ ಕೋಣೆಯಲ್ಲಿ ದಾಖಲೆ ಬರೆಯುತ್ತಿದ್ದೆ. ಸಹೋದ್ಯೋಗಿ ಬಾಗಿಲಲ್ಲಿ ತಲೆ ಹಾಕಿ ‘ನಿನ್ನ ನಾಲ್ಕನೆಯ ಹಾಸಿಗೆಯ ಅಲಾರಂ ವೆಂಟ್ ಆಫ್’ ಎಂದು ಹೇಳಿ ತನ್ನ ರೋಗಿಯ ಕಡೆಗೆ ಓಡಿದಳು. ಅವಳು ನಿಲ್ಲಿಸಿಬಿಟ್ಟಳು ಎಂದು ತಿಳಿದು ನಾನು ‘ಥ್ಯಾಂಕ್ಸ್’ ಎಂದು ಬರೆಯುವುದನ್ನು ಮುಂದುವರಿಸಿದೆ. ಕೆಲವು ನಿಮಿಷಗಳಾದ ಮೇಲೆ ಹಿರಿಯ ನರ್ಸ್ ಬಂದು ‘ನೀನು ಇನ್ನೂ ಇಲ್ಲಿಯೇ ಇದ್ದೀಯಾ?’ ಎಂದಾಗ ಎದೆ ಧಸಕ್ಕೆಂದಿತು. ರೋಗಿಗೆ ಏನೂ ಆಗಲಿಲ್ಲ, ಬದಲಿ ಚೀಲ ಹಾಕಿದೆ. ಆದರೆ ಅಂದು ಬೆಳಗಿನವರೆಗೂ ಕೈ ನಡುಗುತ್ತಿತ್ತು.

ನಾನು ಹತ್ತನೆಯ ತರಗತಿಯವರೆಗೆ ಕನ್ನಡ ಮಾಧ್ಯಮದಲ್ಲಿ ಓದಿದವಳು. ಇಂಗ್ಲಿಷ್ ಭಾಷಾ ಪರೀಕ್ಷೆಯಲ್ಲಿ ಒಳ್ಳೆಯ ಅಂಕ ತೆಗೆದೇ ಇಲ್ಲಿಗೆ ಬಂದದ್ದು. ಆ ಪರೀಕ್ಷೆಯಲ್ಲಿ ‘ಗೋ ಆಫ್’ ಬರಲಿಲ್ಲ.

ಇಲ್ಲಿ ದಿನವೂ ಕೇಳುವುದು ಇವೇ ಮಾತುಗಳು. ರೋಗಿ ‘ಐ ಹ್ಯಾವ್ ಗಾನ್ ಆಫ್ ಮೈ ಫುಡ್’ ಎಂದರೆ ಊಟ ಸೇರುತ್ತಿಲ್ಲ ಎಂದರ್ಥ. ಬಸುರಿಯರು ‘ಐ ಹ್ಯಾವ್ ಗಾನ್ ಆಫ್ ಕಾಫಿ’ ಎಂದರೆ ಕಾಫಿ ಕಂಡರಾಗುವುದಿಲ್ಲ ಎಂದು. ಮಗು ‘ಗಾನ್ ಆಫ್’ ಎಂದರೆ ನಿದ್ದೆ ಹೋಗಿದೆ ಎಂದು. ಆದರೆ ಪಾಳಿ ಬದಲಾಗುವಾಗ ರೋಗಿಯೊಬ್ಬರು ರಾತ್ರಿ ಎರಡಕ್ಕೆ ‘ವೆಂಟ್ ಆಫ್’ ಎಂದು ನರ್ಸ್ ಹೇಳಿದರೆ, ಅವರ ಸ್ಥಿತಿ ಹಠಾತ್ತನೆ ಬಿಗಡಾಯಿಸಿತು ಎಂದೂ ಆಗಬಹುದು. ನಿದ್ದೆಯೋ ಅಪಾಯವೋ ಎಂದು ಈಗ ನಾನು ಪ್ರತಿ ಸಲ ಬಾಯಿಬಿಟ್ಟು ಕೇಳಿಯೇ ಮುಂದಕ್ಕೆ ಹೋಗುತ್ತೇನೆ. ಮೇಷ್ಟ್ರೇ, ದಯವಿಟ್ಟು ಮಕ್ಕಳಿಗೆ ಇದನ್ನು ಕಲಿಸಿ.

ಧಾರವಾಡದವಳು
ಅಕ್ಕಾ, ಓದಿ ಮನಸ್ಸು ಕಲಕಿತು. ನೀವು ಕೇಳಿ ತಿಳಿದುಕೊಳ್ಳುವ ಅಭ್ಯಾಸ ಮಾಡಿಕೊಂಡದ್ದು ಬಹಳ ದೊಡ್ಡದು.

ಸರಳಗನ್ನಡ
ಎಲ್ಲರೂ ಹೊಗಳುತ್ತಿದ್ದೀರಿ, ನಾನು ಬೇರೆ ಮಾತು ಹೇಳುತ್ತೇನೆ. ಹಳ್ಳಿಯ ಮಕ್ಕಳ ಮೇಲೆ ಈ ಹೊರೆ ಏಕೆ? ಅಲಾರಂ ‘ರ‍್ಯಾಂಗ್’ ಎನ್ನಿ, ಹಾಲು ‘ಸ್ಪಾಯಿಲ್ಡ್’ ಎನ್ನಿ, ಬಾಂಬ್ ‘ಎಕ್ಸ್‌ಪ್ಲೋಡೆಡ್’ ಎನ್ನಿ. ನೇರವಾದ ಪದಗಳಿರುವಾಗ ಸುತ್ತುಬಳಸು ಮಾತು ಏಕೆ? ಅಮೆರಿಕದವರು ಹಾಲಿಗೆ ‘ಗೋ ಆಫ್’ ಎನ್ನುವುದು ಕಡಿಮೆ, ‘ಗೋ ಬ್ಯಾಡ್’ ಎನ್ನುತ್ತಾರೆ. ಮಗು ತನಗೆ ಬೇಕಾದ್ದನ್ನು ಹೇಳಲು ಕಲಿತರೆ ಸಾಕು.

ಉಪಶೀರ್ಷಿಕೆ
ಹೇಳಲು ಸಾಕು, ಕೇಳಲು ಸಾಲದು. ನಾವು ಯಾವ ಪದ ಬಳಸಬೇಕೆಂಬುದು ನಮ್ಮ ಕೈಯಲ್ಲಿದೆ, ಎದುರಿಗಿನವರು ಯಾವುದನ್ನು ಬಳಸುತ್ತಾರೆ ಎಂಬುದು ನಮ್ಮ ಕೈಯಲ್ಲಿಲ್ಲ. ರಾತ್ರಿಪಾಳಿ ಅವರ ಸಹೋದ್ಯೋಗಿ ‘ರ‍್ಯಾಂಗ್’ ಎನ್ನಲಿಲ್ಲ ನೋಡಿ. ಜೊತೆಗೆ, ಇದು ಹೊಸ ದೂರೇನಲ್ಲ. ಸ್ಯಾಮ್ಯುಯೆಲ್ ಜಾನ್ಸನ್ 1755ರ ತನ್ನ ನಿಘಂಟಿನ ಮುನ್ನುಡಿಯಲ್ಲೇ, ಕ್ರಿಯಾಪದದ ಮುಂದೆ ಸಣ್ಣ ಪದವೊಂದನ್ನು ಜೋಡಿಸಿ ಅರ್ಥ ಬದಲಿಸುವ ಈ ಪದ್ಧತಿ ಪರದೇಶದವರಿಗೆ ಅತ್ಯಂತ ಕಷ್ಟ ಕೊಡುತ್ತದೆ ಎಂದು ಬರೆದಿದ್ದಾನೆ. ಕಮ್ ಆಫ್, ಫಾಲ್ ಆಫ್, ಬ್ರೇಕ್ ಆಫ್, ಸೆಟ್ ಆಫ್, ಟೇಕ್ ಆಫ್ ಎಂದು ಆತ ಕೊಟ್ಟ ಉದಾಹರಣೆಗಳಲ್ಲಿ ‘ಆಫ್’ ಮತ್ತೆ ಮತ್ತೆ ಬರುತ್ತದೆ. ಆಗ ಇವಕ್ಕೆ ‘ಫ್ರೇಸಲ್ ವರ್ಬ್’ ಎಂಬ ಹೆಸರೂ ಬಳಕೆಯಲ್ಲಿರಲಿಲ್ಲ. 1925ರಲ್ಲಿ ಲೇಖಕ ಲೋಗನ್ ಪಿಯರ್ಸಲ್ ಸ್ಮಿತ್ ಆ ಹೆಸರನ್ನು ಬಳಸಿ, ಅದನ್ನು ಸೂಚಿಸಿದವರು ನಿಘಂಟುಕಾರ ಹೆನ್ರಿ ಬ್ರಾಡ್ಲಿ ಎಂದು ಬರೆದ.

ಸರಳಗನ್ನಡ
ಕೇಳುವುದಕ್ಕೆ ಬೇಕು ಎಂಬುದನ್ನು ಒಪ್ಪುತ್ತೇನೆ. ಹಾಗಾದರೆ ಪರೀಕ್ಷೆಯಲ್ಲಿ ಬರೆಯಲು ಕೇಳಬೇಡಿ, ಓದಿ ಅರ್ಥ ಮಾಡಿಕೊಳ್ಳಲು ಮಾತ್ರ ಕೇಳಿ. ಇಷ್ಟನ್ನಾದರೂ ನೀವು ಒಪ್ಪಬೇಕು.

ಕರಾವಳಿಕುಡಿ
ನಾನು ಹೇಳುವುದು ಇನ್ನೊಂದು. ಇಂಗ್ಲಿಷ್ ವಿಚಿತ್ರ ಎನ್ನುವ ಮೊದಲು ನಮ್ಮ ‘ಹಾಕು’ ಮತ್ತು ‘ತೆಗೆ’ ಎರಡನ್ನು ನೋಡಿ. ಬಾಗಿಲು ಹಾಕು ಎಂದರೆ ಮುಚ್ಚು. ಫ್ಯಾನ್ ಹಾಕು ಎಂದರೆ ತಿರುಗಿಸು. ಲೈಟು ಹಾಕು ಎಂದರೆ ಬೆಳಗಿಸು. ಅಂಗಿ ಹಾಕು ಎಂದರೆ ತೊಡು. ಕಸ ಹಾಕು ಎಂದರೆ ಎಸೆ. ಅನ್ನ ಹಾಕು ಎಂದರೆ ಬಡಿಸು. ಬಾಗಿಲು ತೆಗೆ ಎಂದರೆ ತೆರೆಯುತ್ತೇವೆ, ನಮ್ಮ ಮನೆಯಲ್ಲಿ ಲೈಟು ತೆಗೆ ಎಂದರೆ ಆರಿಸುತ್ತೇವೆ. ಬಾಗಿಲಿನದು ಒಂದು ದಿಕ್ಕು, ದೀಪದ್ದು ಇನ್ನೊಂದು! ನನ್ನ ಅತ್ತಿಗೆ ಉತ್ತರ ಭಾರತದವರು. ಕನ್ನಡ ಕಲಿಯುವ ಹೊಸದರಲ್ಲಿ ‘ಫ್ಯಾನ್ ಹಾಕಿ’ ಎಂದರೆ ಬಾಗಿಲಿನ ನೆನಪಿನಿಂದ ಫ್ಯಾನ್ ನಿಲ್ಲಿಸಿಬಿಡುತ್ತಿದ್ದರು. ಅವರ ತಪ್ಪಿಗೂ ಆ ಹುಡುಗಿಯ ತಪ್ಪಿಗೂ ಒಂದು ಕೂದಲೆಳೆಯ ವ್ಯತ್ಯಾಸವೂ ಇಲ್ಲ.

ನಮಗೆ ‘ಹಾಕು’ ಏಕೆ ಕಷ್ಟವಾಗಲಿಲ್ಲ? ನಾವು ಅದನ್ನು ಒಂಟಿಯಾಗಿ ಕಲಿಯಲೇ ಇಲ್ಲ. ‘ಬಾಗಿಲುಹಾಕು’ ಒಂದು ಪದ, ‘ಲೈಟುಹಾಕು’ ಇನ್ನೊಂದು ಪದ ಎಂಬಂತೆ ಅಮ್ಮನ ಬಾಯಿಂದ ಕೇಳಿದೆವು. ‘ಗೋ ಆಫ್’ ಅನ್ನೂ ಹಾಗೆಯೇ ಅಲಾರಂ, ದೀಪ, ಹಾಲು ಇವುಗಳ ಜೊತೆ ಕಟ್ಟಿ ಕೊಡಿ.

ಪರೀಕ್ಷಾಸಿದ್ಧತೆ
ಇದನ್ನೇ ಅಲ್ಲವೇ ನಾನು ಏಳು ವಾಕ್ಯ ಎಂದದ್ದು? ಈಗ ಕರಾವಳಿಕುಡಿ ಅವರು ಹೇಳಿದಾಗ ಎಲ್ಲರೂ ತಲೆಯಾಡಿಸುತ್ತೀರಿ.

ಧಾರವಾಡದವಳು
ನೀವು ಮೊದಲು ಅರ್ಥ ಕೊಟ್ಟು ಆಮೇಲೆ ವಾಕ್ಯ ಎಂದಿರಿ. ಅವರು ವಾಕ್ಯ ಕೊಟ್ಟು ಅರ್ಥ ಅದರೊಳಗಿಂದ ಬರಲಿ ಎನ್ನುತ್ತಿದ್ದಾರೆ. ನನಗೆ ಇವೆರಡೂ ಬೇರೆ ಎಂದೇ ಕಾಣುತ್ತದೆ. ಆದರೆ ವಾಕ್ಯದ ಮಾತನ್ನು ಮೊದಲು ಎತ್ತಿದವರು ನೀವೇ, ಅದನ್ನು ನಾನು ಗಮನಿಸದೆ ಜಗಳಕ್ಕಿಳಿದೆ. ತಪ್ಪಾಯಿತು.

ಅಜ್ಜಿಯಮೊಮ್ಮಗಳು
‘ಹೋಗು’ ಬಗ್ಗೆ ಯಾರೂ ಹೇಳಲಿಲ್ಲವಲ್ಲ! ಹಾಲು ಕೆಟ್ಟುಹೋಯಿತು, ದೀಪ ಆರಿಹೋಯಿತು, ಕರೆಂಟ್ ಹೋಯಿತು, ಪಾಠ ಮರೆತುಹೋಯಿತು. ಹಾಲು ನಡೆದುಕೊಂಡು ಎಲ್ಲಿಗೂ ಹೋಗಲಿಲ್ಲ. ಅವರ ‘ಗೋ’ ಮಾಡುವ ಕೆಲಸವನ್ನೇ ನಮ್ಮ ‘ಹೋಗು’ ಮಾಡುತ್ತಿದೆ. ನಮ್ಮಲ್ಲಿ ಮುಖ್ಯ ಅರ್ಥ ಮೊದಲು ಬರುತ್ತದೆ, ‘ಕೆಟ್ಟು’, ‘ಆರಿ’ ಎಂದು. ಕೈ ಮೀರಿದ್ದನ್ನು ‘ಹೋಗು’ ತೋರಿಸುತ್ತದೆ. ಅವರು ಆ ಮೊದಲ ಭಾಗವನ್ನು ಹೇಳದೆ ಬಿಟ್ಟು, ಕೇಳುವವನೇ ತುಂಬಿಕೊಳ್ಳಲಿ ಎನ್ನುತ್ತಾರೆ. ಆದ್ದರಿಂದಲೇ ನಮಗೆ ಕಷ್ಟ.

ಇನ್ನು ಎದುರು ಅರ್ಥದ ಮಾತಿಗೆ ಬಂದರೆ, ನಮ್ಮ ಅಜ್ಜಿ ಹೊರಗೆ ಹೊರಟವರನ್ನು ‘ಹೋಗುತ್ತೇನೆ’ ಎನ್ನಲು ಬಿಡುತ್ತಿರಲಿಲ್ಲ. ‘ಬರುತ್ತೇನೆ’ ಎನ್ನಬೇಕು. ಬಾಗಿಲಿಗೆ ಬೆನ್ನು ತಿರುಗಿಸುತ್ತಾ ‘ಬರುತ್ತೇನೆ’ ಎಂದರೆ ಹೋಗುತ್ತಿದ್ದೇನೆ ಎಂದೇ ಅರ್ಥ. ದೇವರ ಮನೆಯ ದೀಪವನ್ನು ಆರಿಸು ಎನ್ನುವಂತಿರಲಿಲ್ಲ, ಶಾಂತ ಮಾಡು ಎನ್ನಬೇಕಿತ್ತು.

ಭಾಷಾವಿದ್ಯಾರ್ಥಿ
ಅಜ್ಜಿಯಮೊಮ್ಮಗಳು ಅವರೇ, ‘ಬರುತ್ತೇನೆ’ ಎಂದು ಹೋಗುವುದು! ‘ಗಮ್’ ಒಂದು ಕಡೆ ಹೋಗು, ಇನ್ನೊಂದು ಕಡೆ ಬರು ಆದದ್ದನ್ನು ನಾನು ಪುಸ್ತಕದಿಂದ ತಂದು ಹೇಳಿದೆ. ನೀವು ಹೊಸ್ತಿಲ ಮೇಲೆ ತೋರಿಸಿದಿರಿ.

ಹಳ್ಳಿಮೇಷ್ಟ್ರು
ನಾಲ್ಕು ದಿನ ಬಿಟ್ಟು ಬರೆಯುತ್ತಿದ್ದೇನೆ, ಕ್ಷಮಿಸಿ. ನಿಮ್ಮ ಮಾತುಗಳನ್ನೆಲ್ಲ ಹೊತ್ತುಕೊಂಡು ತರಗತಿಗೆ ಹೋದೆ. ಇಂಗ್ಲಿಷ್ ಪುಸ್ತಕ ತೆರೆಯಲೇ ಇಲ್ಲ. ಹಲಗೆಯ ಮೇಲೆ ‘ಹಾಕು’ ಎಂದು ಬರೆದು, ಯಾವುದರ ಜೊತೆ ಏನೇನು ಅರ್ಥ ಹೇಳಿ ಎಂದೆ. ಗೊಬ್ಬರ ಹಾಕು, ಬೇಲಿ ಹಾಕು, ರುಜು ಹಾಕು, ಓಟು ಹಾಕು, ಬೀಗ ಹಾಕು, ರಂಗೋಲಿ ಹಾಕು, ಕಣ್ಣು ಹಾಕು, ಶಾಪ ಹಾಕು. ಹಿಂದಿನ ಬೆಂಚಿನಲ್ಲಿ ಎಂದೂ ಬಾಯಿ ತೆರೆಯದ ಹುಡುಗನೊಬ್ಬ ಎದ್ದು ‘ಟೋಪಿ ಹಾಕು’ ಎಂದ. ತಲೆಗೆ ಹಾಕುವ ಟೋಪಿಯೋ, ಮೋಸದ ಟೋಪಿಯೋ ಎಂದು ಕೇಳಿದೆ. ‘ಯಾರಿಗೆ ಎಂದು ಹೇಳಿದರೆ ಗೊತ್ತಾಗುತ್ತದೆ ಸರ್’ ಎಂದ. ಅವನು ಹೇಳಿದ್ದು ಎಷ್ಟು ಸರಿ! ಪಕ್ಕದ ಪದ ನೋಡಿದರೂ ಸಾಲದೆ ಇಡೀ ವಾಕ್ಯ ನೋಡಬೇಕಾದ ಜಾಗ ಅದು.

ಆಮೇಲೆ ‘ಗೋ ಆಫ್’ ಬರೆದೆ. ಉಪಶೀರ್ಷಿಕೆ ಅವರ ವಾಕ್ಯ ಕೊಟ್ಟೆ. ಒಂದು ಹಳೆಯ ಕೀಲಿ ಗಡಿಯಾರ ತಂದು ಕೊಂಡಿ ಕಳಚುವುದನ್ನೂ ತೋರಿಸಿದೆ. ರಾತ್ರಿಪಾಳಿ ಅವರ ಅನುಭವವನ್ನು ಹೆಸರು ಊರು ಹೇಳದೆ ಓದಿದೆ, ತರಗತಿ ನಿಶ್ಶಬ್ದವಾಯಿತು. ಮೂರು ಹುಡುಗಿಯರಿಗೆ ನರ್ಸ್ ಆಗುವ ಆಸೆಯಿದೆ, ಅವರು ಆ ಭಾಗವನ್ನು ಬರೆದುಕೊಂಡರು. ಸರಳಗನ್ನಡ ಅವರ ಸಲಹೆಯಂತೆ ಕಿರುಪರೀಕ್ಷೆಯಲ್ಲಿ ಅರ್ಥವನ್ನು ಮಾತ್ರ ಕೇಳಿದೆ. 32ರಲ್ಲಿ 27 ಮಂದಿ ಅಲಾರಮ್ಮನ್ನು ಸರಿಯಾಗಿ ಹೊಡೆಸಿದರು.

‘ಆದರೂ’ ಬರೆದ ಹುಡುಗಿಗೆ ಅಂಕ ವಾಪಸು ಕೊಟ್ಟಿದ್ದೇನೆ. ಅವಳು ಸುಮ್ಮನಾಗಲಿಲ್ಲ, ಇನ್ನೊಂದು ತಂದಿದ್ದಾಳೆ. ಶಾಲೆಯ ಗುಂಪು ಫೋಟೋ ತೆಗೆಯುವಾಗ ಕ್ಯಾಮೆರಾದ ಫ್ಲ್ಯಾಶ್ ಮಿಂಚಿತಲ್ಲ, ‘ಫ್ಲ್ಯಾಶ್ ವೆಂಟ್ ಆಫ್’ ಎಂದರೆ ಬೆಳಕು ಬಂತೋ ಹೋಯಿತೋ ಎಂದು ಕೇಳುತ್ತಿದ್ದಾಳೆ. ಅದೂ ದೀಪವೇ ಅಲ್ಲವೇ ಸರ್ ಎನ್ನುತ್ತಾಳೆ.

ಕೋವಿಮನೆ
ಬಂತು! ಅದು ದೀಪದ ಜಾತಿಯಲ್ಲ, ಕೋವಿಯ ಜಾತಿ. ಒಳಗೆ ವಿದ್ಯುತ್ತನ್ನು ತುಂಬಿ ತಡೆದಿಟ್ಟಿರುತ್ತದೆ, ಗುಂಡಿ ಒತ್ತಿದಾಗ ಒಂದೇ ಸಲಕ್ಕೆ ಹಾರುತ್ತದೆ.

ಉಪಶೀರ್ಷಿಕೆ
ಕೋವಿಮನೆ ಅವರು ಹೇಳಿದ್ದು ಸರಿ. ಫ್ಲ್ಯಾಶನ್ನು ‘ಸೆಟ್ ಆಫ್’ ಮಾಡಿದರೆ ಮಿಂಚುತ್ತದೆ, ‘ಟರ್ನ್ ಆಫ್’ ಮಾಡಿದರೆ ಮಿಂಚುವುದೇ ಇಲ್ಲ. ಅದಕ್ಕೆ ಎರಡು ಜೋಡಿಯೂ ಇವೆ. ಹಾಗಿದ್ದರೂ ‘ವೆಂಟ್ ಆಫ್’ ಎಂದರೆ ಮಿಂಚಿತು ಎಂದೇ. ನನ್ನ ಉಪಾಯ ಒಂದರಿಂದಲೇ ಇದು ಬಗೆಹರಿಯದು, ಕೋವಿಯ ಅಜ್ಜನನ್ನೂ ಜೊತೆಗೆ ಕರೆಯಬೇಕು.

ತುಂಗಾತೀರ
ಮೇಷ್ಟ್ರೇ, ಆ ಹುಡುಗಿಯ ಮುಂದಿನ ಪ್ರಶ್ನೆಯನ್ನೂ ಇಲ್ಲಿಗೇ ತನ್ನಿ.